ದೊಡ್ಡ ಟೈಲ್ಸ್‌ಗೆ ಯಾವ ಹಲ್ಲಿನ ಕರಣೆ?

ನನ್ನ ಬಳಿ ಕೆಲಸ ಕಲಿಯಲು ಬರುವ ಹುಡುಗರೆಲ್ಲ ಮೊದಲು ವಿಚಾರಿಸುವುದು ಅಂಟಿನ ಬಗ್ಗೆ. ಕರಣೆ ಯಾವುದು ಎಂದು ಕೇಳಿದವರು ಕಡಿಮೆ. ಆದರೆ ಗೋಡೆಯ ಮೇಲೆ ಎಷ್ಟು ಅಂಟು ನಿಲ್ಲಬೇಕೆಂದು ಅಳೆದುಕೊಡುವುದು ಕರಣೆಯ ಅಂಚಿನಲ್ಲಿ ಕೊರೆದಿರುವ ಹಲ್ಲೇ. ಹಲ್ಲು ಸಣ್ಣದಾದರೆ ಎಷ್ಟು ಒಳ್ಳೆಯ ಅಂಟು ತಂದರೂ ಟೈಲ್ಸ್‌ನ ಹಿಂದೆ ಪೊಳ್ಳು ಉಳಿಯುತ್ತದೆ.

ದೊಡ್ಡದು ಎಂದರೆ ಒಂದು ಬದಿಯಾದರೂ 38 ಸೆಂಟಿಮೀಟರ್ ದಾಟಿದ ಟೈಲ್ಸ್. ಇವಕ್ಕೆ ಚೌಕ ಹಲ್ಲಿನ ಕರಣೆಯೇ ಬೇಕು. ಮೊನಚು ಹಲ್ಲಿನದು ಚಿಕ್ಕ ಟೈಲ್ಸ್‌ಗೆ ಇರಲಿ. 30×60ಕ್ಕೆ 8 ಅಥವಾ 10 ಮಿಲಿಮೀಟರ್ ಹಲ್ಲು, 60×60ಕ್ಕೆ 10, 60×120ಕ್ಕೆ 10 ಅಥವಾ 12 ನಾನು ಹಿಡಿಯುವ ಅಳತೆ. ಅಂಟಿನ ಚೀಲದ ಮೇಲೆ ಬೇರೆ ಅಳತೆ ಹೇಳಿದ್ದರೆ ಅದನ್ನೇ ಕೇಳಿ.

ಇನ್ನು ಹಿಡಿಯುವ ಓರೆ. 10 ಮಿಲಿಮೀಟರ್ ಹಲ್ಲಿನ ಕರಣೆಯನ್ನು ಗೋಡೆಗೆ 60 ಡಿಗ್ರಿಯಲ್ಲಿ ಹಿಡಿದು ಎಳೆದರೆ ಅಂಟಿನ ಸಾಲು ಸುಮಾರು ಎಂಟೂವರೆ ಮಿಲಿಮೀಟರ್ ಎತ್ತರ ನಿಲ್ಲುತ್ತದೆ. 45 ಡಿಗ್ರಿಗೆ ಮಲಗಿಸಿದರೆ ಏಳಕ್ಕೆ ಇಳಿಯುತ್ತದೆ. ಟೈಲ್ಸ್ ಒತ್ತಿದ ಮೇಲೆ ಉಳಿಯುವುದು ಅದರ ಅರ್ಧದಷ್ಟು. ಸಂಜೆಯ ಹೊತ್ತಿಗೆ ಕೈ ಸೋತು ಕರಣೆ ತಾನಾಗಿ ಮಲಗುತ್ತದೆ, ಅಂಟು ತೆಳುವಾಗುತ್ತದೆ, ಅದು ಹಾಕುವವನಿಗೆ ತಿಳಿಯುವುದೂ ಇಲ್ಲ. ಅದಕ್ಕೇ ಸುಸ್ತಾದವನ ಕೈಯಿಂದ ನಾನು ಕರಣೆ ಇಸಿದುಕೊಳ್ಳುತ್ತೇನೆ.

ಮೊದಲು ಕರಣೆಯ ನೇರ ಅಂಚಿನಿಂದ ಅಂಟನ್ನು ಗೋಡೆಗೆ ಒತ್ತಿ ತೆಳುವಾಗಿ ಬಳಿಯಿರಿ. ಅದರ ಮೇಲೆ ಇನ್ನಷ್ಟು ಅಂಟು ಹಾಕಿ ಹಲ್ಲಿನ ಅಂಚಿನಿಂದ ಎಳೆಯಿರಿ. ಸಾಲುಗಳೆಲ್ಲ ನೇರವಾಗಿ, ಒಂದೇ ದಿಕ್ಕಿಗೆ ಇರಬೇಕು. ಕೈ ಹೋದಂತೆ ಅರ್ಧಚಂದ್ರಾಕಾರ ಎಳೆಯುವುದು ನೋಡಲು ಚೆನ್ನ, ಆದರೆ ಆ ಬಾಗಿನಲ್ಲಿ ಗಾಳಿ ಸಿಕ್ಕಿಹಾಕಿಕೊಳ್ಳುತ್ತದೆ. ಸಾಲುಗಳು ಟೈಲ್ಸ್‌ನ ಗಿಡ್ಡ ಬದಿಗೆ ಸಮಾನಾಂತರವಾಗಿದ್ದರೆ ಗಾಳಿ ಹೊರಬರುವ ದಾರಿಯೂ ಗಿಡ್ಡ. 60×120ರ ಟೈಲ್ಸ್ ಉದ್ದಕ್ಕೆ ನಿಲ್ಲಿಸುವುದಾದರೆ ಸಾಲು ಅಡ್ಡಡ್ಡ ಬರುತ್ತದೆ, ಅಡ್ಡ ಮಲಗಿಸುವುದಾದರೆ ಮೇಲಿನಿಂದ ಕೆಳಕ್ಕೆ.

ಟೈಲ್ಸ್‌ನ ಬೆನ್ನಿನಲ್ಲಿ ಬಿಳಿ ಪುಡಿ ಇದ್ದರೆ ಒದ್ದೆ ಸ್ಪಾಂಜಿನಿಂದ ಒರೆಸಿ. ಆ ಬೆನ್ನಿಗೂ ನೇರ ಅಂಚಿನಿಂದ ಅಂಟನ್ನು ತೆಳುವಾಗಿ ಉಜ್ಜಿ. ಅಲ್ಲಿ ಹಲ್ಲು ಆಡಿಸಬೇಡಿ. ಸಾಲಿನ ಮೇಲೆ ಅಡ್ಡ ಸಾಲು ಕೂತರೆ ನಡುವೆ ಗಾಳಿಯ ಗೂಡುಗಳಾಗುತ್ತವೆ. ಟೈಲ್ಸ್ ಇಟ್ಟ ಮೇಲೆ ಸಾಲುಗಳಿಗೆ ಅಡ್ಡಲಾಗಿ ಒಂದಿಷ್ಟು ಹಿಂದೆ ಮುಂದೆ ಜರುಗಿಸಿ ಒತ್ತಿ. ಆಗಲೇ ಸಾಲುಗಳು ಮುರಿದು ಪಕ್ಕದ ಕಾಲುವೆ ತುಂಬುವುದು. ರಬ್ಬರ್ ಸುತ್ತಿಗೆಯಿಂದ ಬರೀ ತಟ್ಟಿದರೆ ಸದ್ದಾಗುತ್ತದೆ, ಅಷ್ಟೇ.

ನಾಲ್ಕು ಮೂಲೆಗೆ ನಾಲ್ಕು, ನಡುವೆ ಒಂದು ಎಂದು ಅಂಟಿನ ಉಂಡೆ ಮೆತ್ತುವವರನ್ನು ನಾನು ಒಪ್ಪುವುದಿಲ್ಲ. ಗೋಡೆಯ ಡೊಂಕನ್ನು ಮುಚ್ಚಲು ಹೂಡುವ ಉಪಾಯ ಅದು. ಮುಂದೊಂದು ದಿನ ಕನ್ನಡಿ ತೂಗುಹಾಕಲು ಡ್ರಿಲ್ ಹಿಡಿದವನಿಗೆ ಪೊಳ್ಳು ಜಾಗದಲ್ಲಿ ಟೈಲ್ಸ್ ಬಿರುಕು ಬಿಟ್ಟೀತು. ಮೂರು ಮೀಟರ್ ಉದ್ದಕ್ಕೆ ಮೂರು ಮಿಲಿಮೀಟರ್‌ಗಿಂತ ಹೆಚ್ಚು ಏರುಪೇರಿದ್ದರೆ ಮೊದಲು ಗಾರೆ ಮಾಡಿಸಿ. ಹಲ್ಲು ದೊಡ್ಡದು ಮಾಡಿ ಅದನ್ನು ಸರಿಪಡಿಸಲು ಹೋಗಬೇಡಿ.

ಮೊದಲ ಟೈಲ್ಸ್ ಒತ್ತಿದ ಕೂಡಲೇ ಕಿತ್ತು ನೋಡಿ. ಹೊಸಬರಿಗೆ ಹೊಟ್ಟೆ ಉರಿಯುತ್ತದೆ, ಉರಿಯಲಿ. ಒಣ ಕೋಣೆಯಾದರೆ ಬೆನ್ನಿನ ಶೇಕಡ 80, ಬಚ್ಚಲುಮನೆ ಅಥವಾ ಹೊರಗೋಡೆಯಾದರೆ ಶೇಕಡ 95 ಅಂಟು ಹತ್ತಿರಬೇಕು, ಮೂಲೆ ಅಂಚುಗಳಿಗಂತೂ ಹತ್ತಿರಲೇಬೇಕು. ಸಾಲುಗಳು ಹಾಗೆಯೇ ಎದ್ದು ಕಾಣುತ್ತಿದ್ದರೆ ಸಾಕಷ್ಟು ಒತ್ತಿಲ್ಲ, ಇಲ್ಲವೇ ಹಲ್ಲು ಸಾಲದು, ಇಲ್ಲವೇ ಅಂಟಿನ ಮೇಲೆ ಕೆನೆ ಕಟ್ಟಿದೆ. ಕೆನೆಯನ್ನು ಬೆರಳಿಂದ ಮುಟ್ಟಿ ತಿಳಿಯಬಹುದು: ಬೆರಳಿಗೆ ಅಂಟದಿದ್ದರೆ ಕೆರೆದು ಹೊಸದು ಬಳಿಯಿರಿ, ಮೇಲೆ ನೀರು ಚಿಮುಕಿಸಬೇಡಿ. ಒಂದೆರಡು ಟೈಲ್ಸ್‌ಗೆ ಆಗುವಷ್ಟೇ ಬಳಿದರೆ ಈ ತಾಪತ್ರಯವಿಲ್ಲ.

ಸಿಮೆಂಟಿನ ಅಂಟು ಉಕ್ಕನ್ನೂ ಸವೆಸುತ್ತದೆ. ಆಗಾಗ ಹಲ್ಲಿನ ಆಳಕ್ಕೆ ಸ್ಕೇಲ್ ಇಟ್ಟು ನೋಡಿ. 10 ಮಿಲಿಮೀಟರ್ ಇದ್ದದ್ದು ಎಂಟಾಗಿದ್ದರೆ ಅದೀಗ 8 ಮಿಲಿಮೀಟರ್‌ನ ಕರಣೆ; 30×60ಕ್ಕೆ ತೆಗೆದಿಟ್ಟು, ಅದಕ್ಕಿಂತ ದೊಡ್ಡದಕ್ಕೆ ಹೊಸದು ಕೊಳ್ಳಿ.