ರೋಮ್‌ಗೆ ಹೋದರೆ ನೆಲದ ಕೆಳಗೂ ಇಳಿಯಿರಿ

ರೋಮ್‌ಗೆ ಹೋದ ಎರಡನೇ ದಿನ ಮಧ್ಯಾಹ್ನವೇ ಅಮ್ಮ ಕೇಳಿದರು: ‘ಕೊಲೋಸಿಯಂ ಆಯ್ತು, ಆ ಕಾರಂಜಿನೂ ಆಯ್ತು. ಇನ್ನೇನಿದೆ?’ ಇನ್ನರ್ಧ ಊರು ಕಾಲ ಕೆಳಗಿದೆ ಎಂದೆ. ತಮಾಷೆ ಮಾಡ್ತಿದ್ದಾನೆ ಅಂದುಕೊಂಡರು.

ತಮಾಷೆಯಲ್ಲ. ಟೈಬರ್ ನದಿ ಉಕ್ಕಿದಾಗಲೆಲ್ಲ ಮಣ್ಣು ತಂದು ಸುರಿಯಿತು. ಬೆಂಕಿ ಬಿದ್ದು, ಕಟ್ಟಡ ಕುಸಿದು ರಾಶಿ ಬಿದ್ದ ಇಟ್ಟಿಗೆಯನ್ನು ಸಾಗಿಸುವುದಕ್ಕಿಂತ ಅದನ್ನೇ ಸಮ ಮಾಡಿ ಮೇಲೆ ಕಟ್ಟುವುದು ಸುಲಭವಾಗಿತ್ತು. ಹೀಗೆ ಎರಡು ಸಾವಿರ ವರ್ಷ ನಡೆಯಿತು. ಊರಿನ ನಡುಭಾಗದಲ್ಲಿ ಹಳೆಯ ಬೀದಿಗಳು ಈಗಿನ ರಸ್ತೆಗಿಂತ ಎಷ್ಟೋ ಮೀಟರ್ ಕೆಳಗೆ ಉಳಿದಿವೆ. ಅಲ್ಲಿಗೆ ಇಳಿದು ನೋಡಬಹುದು. ಆದರೆ ಹೋಗಿ ಬಾಗಿಲು ತಟ್ಟಿದರೆ ಎಲ್ಲವೂ ತೆರೆಯುವುದಿಲ್ಲ. ಕೆಲವಕ್ಕೆ ತಿಂಗಳುಗಟ್ಟಲೆ ಮೊದಲೇ ಹೇಳಬೇಕು, ಕೆಲವಕ್ಕೆ ಹಾಗೇ ಹೋಗಬಹುದು.

ನನ್ನ ಅನುಭವದಲ್ಲಿ ಬುಕ್ ಮಾಡುವ ಕ್ರಮ ಒಂದು, ನೋಡುವ ಕ್ರಮ ಇನ್ನೊಂದು. ಟಿಕೆಟ್ ಸಿಗುವುದು ಯಾವುದು ಕಷ್ಟವೋ ಅದನ್ನು ಮೊದಲು ಬುಕ್ ಮಾಡಿ. ಅರ್ಥವಾಗುವುದು ಯಾವುದು ಸುಲಭವೋ ಅದನ್ನು ಮೊದಲು ನೋಡಿ.

ಮೊದಲು ಒಂದು ಇಮೇಲ್

ಎಲ್ಲಕ್ಕಿಂತ ಕಷ್ಟದ್ದು ಸೇಂಟ್ ಪೀಟರ್ಸ್ ಬೆಸಿಲಿಕಾ ಎಂಬ ದೊಡ್ಡ ಚರ್ಚಿನ ಕೆಳಗಿನ ಸ್ಮಶಾನ. ‘ಸ್ಕಾವಿ’ ಎಂದು ಕರೆಯುತ್ತಾರೆ. ಇಟಾಲಿಯನ್‌ನಲ್ಲಿ ಅಗೆತ ಎಂದೇ ಅರ್ಥ. ಇದು ವ್ಯಾಟಿಕನ್‌ಗೆ ಸೇರಿದ್ದು, ಲೆಕ್ಕಕ್ಕೆ ಬೇರೆಯೇ ದೇಶ. ದಿನಕ್ಕೆ ಸುಮಾರು 250 ಜನರನ್ನಷ್ಟೇ, ಅದೂ ಹತ್ತು ಹನ್ನೆರಡು ಮಂದಿಯ ಗುಂಪು ಮಾಡಿ, ಗೈಡ್ ಜೊತೆಗೇ ಬಿಡುತ್ತಾರೆ. 15 ವರ್ಷದೊಳಗಿನ ಮಕ್ಕಳಿಗೆ ಪ್ರವೇಶವಿಲ್ಲ.

ವಿಮಾನದ ದಿನ ಗೊತ್ತಾದ ತಕ್ಷಣ ವ್ಯಾಟಿಕನ್‌ನ ಸ್ಕಾವಿ ಕಚೇರಿಗೆ ಬರೆಯಿರಿ. ಎಷ್ಟು ಜನ, ಎಲ್ಲರ ಪೂರ್ತಿ ಹೆಸರು, ಯಾವ ಭಾಷೆಯ ಗೈಡ್ ಬೇಕು, ರೋಮ್‌ನಲ್ಲಿ ಯಾವ ದಿನದಿಂದ ಯಾವ ದಿನದವರೆಗೆ ಇರುತ್ತೀರಿ, ಇಷ್ಟು ಸಾಕು. ‘ಮಂಗಳವಾರ ಹತ್ತು ಗಂಟೆಗೇ ಬೇಕು’ ಎಂದು ಹಟ ಹಿಡಿಯಬೇಡಿ. ದಿನ, ಗಂಟೆ ಅವರೇ ಕೊಡುತ್ತಾರೆ. ನೀವು ಎಷ್ಟು ದಿನ ಖಾಲಿ ಇಟ್ಟುಕೊಂಡಿದ್ದೀರೋ ಅಷ್ಟು ಒಳ್ಳೆಯದು. ಉತ್ತರ ಬಂದ ಮೇಲೆ ಅವರು ಹೇಳಿದ ಗಡುವಿನೊಳಗೆ ದುಡ್ಡು ಕಟ್ಟಬೇಕು.

ಹೆಸರಿನ ವಿಷಯದಲ್ಲಿ ನಮ್ಮವರಿಗೊಂದು ಕಿವಿಮಾತು. ನಮ್ಮ ಇನಿಷಿಯಲ್‌ಗಳು ಅಲ್ಲಿ ಯಾರಿಗೂ ಅರ್ಥವಾಗುವುದಿಲ್ಲ. ಊರು, ಅಪ್ಪ, ಮನೆತನ ಏನೇ ಇರಲಿ, ಪಾಸ್‌ಪೋರ್ಟ್‌ನಲ್ಲಿ ಹೇಗಿದೆಯೋ ಹಾಗೇ ಬರೆಯಿರಿ.

ಎರಡನೆಯದು ನೀರೋ ದೊರೆಯ ಬಂಗಾರದ ಮನೆ, ‘ದೋಮುಸ್ ಔರೇಯಾ’. ಅಲ್ಲಿ ರಿಪೇರಿ ಕೆಲಸ ಮುಗಿಯುವುದೇ ಇಲ್ಲ. ಹಾಗಾಗಿ ವಾರದ ಎಲ್ಲ ದಿನವೂ ತೆರೆದಿರುವುದಿಲ್ಲ. ವಾರದ ಕೊನೆಯ ದಿನಗಳು ರೋಮ್‌ನಲ್ಲಿ ಸಿಗುವಂತೆ ಪ್ರವಾಸ ಹೊಂದಿಸಿಕೊಳ್ಳಿ. ಟಿಕೆಟ್ಟನ್ನು ಅಧಿಕೃತ ಜಾಲತಾಣದಲ್ಲೇ ತೆಗೆಯಿರಿ. ನಾನೊಮ್ಮೆ ಮಧ್ಯವರ್ತಿ ಜಾಲತಾಣವೊಂದರಲ್ಲಿ ‘ಸಾಲಿಲ್ಲದೆ ಪ್ರವೇಶ’ ಎಂಬುದನ್ನು ನಂಬಿ ಜಾಸ್ತಿ ದುಡ್ಡು ಕೊಟ್ಟೆ. ಅಲ್ಲಿ ಹೋಗಿ ನೋಡಿದರೆ ಸಾಲೇ ಇರಲಿಲ್ಲ, ಯಾರಿಗೂ.

ನೋಡುವುದನ್ನು ಸಾನ್ ಕ್ಲೆಮೆಂಟೆಯಿಂದ ಶುರು ಮಾಡಿ

ಕೊಲೋಸಿಯಂನಿಂದ ಕೆಲವೇ ನಿಮಿಷದ ನಡಿಗೆ. ಹೊರಗಿನಿಂದ ನೋಡಿದರೆ ಸಾದಾ ಚರ್ಚು. ಮೇಲಿನ ಚರ್ಚಿಗೆ ದುಡ್ಡಿಲ್ಲ, ಕೆಳಗಿಳಿಯಲು ಟಿಕೆಟ್ ಬೇಕು. ಇಲ್ಲಿ ಗೈಡ್ ಕಡ್ಡಾಯವಲ್ಲ. ಆದರೂ ಗೈಡ್ ಇರುವ ಗುಂಪಿನಲ್ಲಿ ಹೋದರೆ ಒಳ್ಳೆಯದು, ಏಕೆಂದರೆ ಯಾವ ಗೋಡೆ ಯಾವ ಕಾಲದ್ದು ಎಂದು ಓದುವುದನ್ನು ಕಲಿಯಲು ಇದಕ್ಕಿಂತ ಒಳ್ಳೆಯ ಜಾಗ ರೋಮ್‌ನಲ್ಲಿಲ್ಲ.

ಮೇಲೆ ನಿಂತಿರುವುದು 12ನೇ ಶತಮಾನದ ಚರ್ಚು. ಮೆಟ್ಟಿಲಿಳಿದರೆ 4ನೇ ಶತಮಾನದ ಇನ್ನೊಂದು ಚರ್ಚು. ಅದನ್ನು ಮಣ್ಣು ಕಲ್ಲು ತುಂಬಿ ಮುಚ್ಚಿ ಅದರ ಮೇಲೆಯೇ ಹೊಸದನ್ನು ಕಟ್ಟಿದ್ದರು. ಆಮೇಲೆ ಮರೆತೂಬಿಟ್ಟರು. 1857ರಲ್ಲಿ ಅಲ್ಲಿದ್ದ ಐರಿಷ್ ಪಾದ್ರಿ ಜೋಸೆಫ್ ಮುಲ್ಲೂಲಿ ಅಗೆಯಲು ಶುರು ಮಾಡಿದಾಗಲೇ ಅದು ಮತ್ತೆ ಬೆಳಕು ಕಂಡದ್ದು.

ಈ ಎರಡನೇ ಅಂತಸ್ತಿನಲ್ಲಿ ಒಂದು ಚಿತ್ರವನ್ನು ಗೈಡ್ ಮುಜುಗರದಿಂದ ದಾಟಿಸಿಬಿಡಬಹುದು. ನೀವೇ ಕೇಳಿ ನೋಡಿ. ಸಿಸಿನ್ನಿಯುಸ್ ಎಂಬ ಸಾಹುಕಾರ ಸಂತ ಕ್ಲೆಮೆಂಟನನ್ನು ಕಟ್ಟಿ ಎಳೆದುಕೊಂಡು ಬನ್ನಿ ಎಂದು ಆಳುಗಳಿಗೆ ಹೇಳುತ್ತಾನೆ. ಪವಾಡ ನಡೆದು, ಅವರಿಗೆ ಕಲ್ಲುಕಂಬವೇ ಸಂತನಂತೆ ಕಂಡು, ಅದನ್ನೇ ಎಳೆಯುತ್ತಾರೆ. ಸಾಹುಕಾರನ ಮಾತು ಚಿತ್ರದಲ್ಲೇ ಬರೆದಿದೆ: ‘ಎಳೀರೋ, ಸೂ... ಮಕ್ಕಳಾ!’ 11ನೇ ಶತಮಾನದ ಕೊನೆಯ ಬರಹ. ಲ್ಯಾಟಿನ್ ಬಿಟ್ಟು ಜನರ ಆಡುಮಾತಿನಲ್ಲಿ ಬರೆದ ಇಟಾಲಿಯನ್ನಿನ ತೀರಾ ಹಳೆಯ ಮಾದರಿಗಳಲ್ಲಿ ಇದೂ ಒಂದು. ಅದು ಬೈಗುಳ, ಅದೂ ಚರ್ಚಿನ ಗೋಡೆಯ ಮೇಲೆ!

ಇನ್ನೂ ಕೆಳಗೆ ಇಳಿಯಿರಿ. ಗಾಳಿ ತಣ್ಣಗಾಗುತ್ತದೆ, ತೇವ ಏರುತ್ತದೆ. ಈಗ ನೀವು 1ನೇ ಶತಮಾನದ ಓಣಿಯಲ್ಲಿದ್ದೀರಿ. ಇಕ್ಕಟ್ಟಾದ ಓಣಿ, ಎರಡೂ ಕೈ ಚಾಚಿದರೆ ಗೋಡೆ ತಾಕುತ್ತದೆ. ಒಂದು ಬದಿ ದಪ್ಪ ಕಲ್ಲಿನ ಕಟ್ಟಡ, ಇನ್ನೊಂದು ಬದಿ ಇಟ್ಟಿಗೆಯ ಮನೆ. ಆ ಮನೆಯೊಳಗೆ ಗವಿಯಂಥ ಕೋಣೆಯೊಂದಿದೆ. ತಗ್ಗಾದ ಕಮಾನು ಚಾವಣಿ, ಎರಡು ಕಡೆ ಊಟಕ್ಕೆ ಒರಗುವ ಕಟ್ಟೆ, ನಡುವೆ ಹೋರಿಯನ್ನು ಕೊಲ್ಲುವ ದೇವರ ಕೆತ್ತನೆಯಿರುವ ಪೀಠ. ದೇವರ ಹೆಸರು ಮಿತ್ರಾಸ್. ಹೆಸರು ಇರಾನಿನ ಮಿಥ್ರನಿಂದ ಬಂದದ್ದು. ನಮ್ಮ ವೇದದ ಮಿತ್ರನಿಗೂ ಆ ಹೆಸರಿಗೂ ಬೇರು ಒಂದೇ. ಪೂಜೆ ಮಾತ್ರ ಪೂರ್ತಿ ರೋಮ್‌ನವರದ್ದು.

ಅಲ್ಲಿ ಒಂದು ನಿಮಿಷ ಮಾತು ನಿಲ್ಲಿಸಿ. ನೀರು ಹರಿಯುವ ಸದ್ದು ಕೇಳುತ್ತದೆ. ಅಗೆದಾಗ ಈ ಅಂತಸ್ತು ನೀರಿನಲ್ಲಿ ಮುಳುಗಿತ್ತು. 1912–14ರಲ್ಲಿ ಸುಮಾರು 700 ಮೀಟರ್ ಸುರಂಗ ತೋಡಿ, ನೀರನ್ನು ಪ್ರಾಚೀನ ರೋಮ್‌ನ ಹಿರಿಚರಂಡಿ ಕ್ಲೊವಾಕಾ ಮ್ಯಾಕ್ಸಿಮಾಗೆ ಬಿಟ್ಟರು. ಅಮ್ಮ ಬಾಗಿ ಕಿವಿಗೊಟ್ಟು, ‘ನಮ್ಮ ತೋಟದ ಕಾಲುವೆ ಹಂಗೇ ಇದೆ’ ಎಂದರು.

ಕೇಳಬೇಕಾದ ಒಂದೇ ಪ್ರಶ್ನೆ

ಎಲ್ಲಿ ಇಳಿದರೂ ಗೈಡ್ ಹತ್ತಿರ ಇದನ್ನು ಕೇಳಿ: ‘ಈಗ ನಾವು ನಿಂತಿರುವ ನೆಲ ಯಾವ ಕಾಲದ್ದು?’ ಗೋಡೆಯದ್ದಲ್ಲ, ಚಿತ್ರದ್ದಲ್ಲ, ನೆಲದ್ದು. ನೆಲದ ಲೆಕ್ಕ ಸಿಕ್ಕಿದರೆ ಉಳಿದದ್ದು ತಾನಾಗಿ ಕೂಡಿಕೊಳ್ಳುತ್ತದೆ. ಗೋಡೆಯಲ್ಲೂ ಒಂದು ಗುರುತಿದೆ. ಚಿಕ್ಕ ಕಲ್ಲುಗಳನ್ನು ಓರೆಯಾಗಿ, ಬಲೆಯ ಕಣ್ಣಿನ ಹಾಗೆ ಜೋಡಿಸಿದ್ದರೆ ಹೆಚ್ಚಾಗಿ ಅದು ಕ್ರಿಸ್ತ ಹುಟ್ಟುವ ಮುಂಚಿನ ಶತಮಾನದಿಂದ ಆಮೇಲಿನ ಒಂದೆರಡು ಶತಮಾನದೊಳಗಿನ ಕೆಲಸ.

ಪೋಪ್‌ಗಳ ಕೆಳಗೆ

ಇಷ್ಟು ಕಲಿತ ಮೇಲೆ ಸ್ಕಾವಿಗೆ ಹೋಗಿ. ಸೇಂಟ್ ಪೀಟರ್ಸ್ ಚೌಕದ ಎಡಗಡೆಯ ಗೇಟಿನಲ್ಲಿ ಬಣ್ಣದ ಪಟ್ಟಿ ಸಮವಸ್ತ್ರದ ಸ್ವಿಸ್ ಕಾವಲುಗಾರರಿಗೆ ದೃಢೀಕರಣದ ಕಾಗದ ತೋರಿಸಬೇಕು. ಭುಜ, ಮೊಣಕಾಲು ಮುಚ್ಚುವ ಬಟ್ಟೆ ಇರಲಿ. ಬ್ಯಾಗ್ ಬೇಡ, ಫೋಟೊ ಇಲ್ಲ. ಇದು ಓದಿ ಗೊತ್ತಿದ್ದರೂ ನಾನು ಬ್ಯಾಕ್‌ಪ್ಯಾಕ್ ಹಾಕಿಕೊಂಡೇ ಹೋಗಿ, ಅದನ್ನು ಇಟ್ಟು ಬರಲು ಓಡಿ, ಗುಂಪು ಹೊರಡುವ ಹೊತ್ತಿಗೆ ಬೆವರುತ್ತಾ ತಲುಪಿದೆ.

1939ರಲ್ಲಿ ಹನ್ನೊಂದನೇ ಪಯಸ್ ಪೋಪ್ ತೀರಿಕೊಂಡರು. ಅವರ ಸಮಾಧಿಗೆ ಜಾಗ ಮಾಡಲು ಕೆಳಗೆ ಅಗೆದಾಗ ಹಳೆಯ ಗೋಡೆಗಳು ಸಿಕ್ಕವು. ಎರಡನೇ ಮಹಾಯುದ್ಧ ನಡೆಯುತ್ತಿದ್ದಾಗಲೇ ಸದ್ದಿಲ್ಲದೆ ಅಗೆತ ಸಾಗಿತು. ಸಿಕ್ಕದ್ದು ಒಂದು ಇಡೀ ಬೀದಿ. ಎರಡೂ ಕಡೆ ಇಟ್ಟಿಗೆಯ ಪುಟ್ಟ ಮನೆಗಳು, ಬಾಗಿಲ ಮೇಲೆ ಯಜಮಾನನ ಹೆಸರು. ಎಲ್ಲವೂ ಸಮಾಧಿಗಳು. 4ನೇ ಶತಮಾನದಲ್ಲಿ ಕಾನ್‌ಸ್ಟಂಟೈನ್ ದೊರೆ ತನ್ನ ಚರ್ಚಿಗೆ ನೆಲ ಸಮ ಮಾಡಲು ಈ ಬೀದಿಗೆ ಮಣ್ಣು ತುಂಬಿಸಿದ. ಅದಕ್ಕೇ ಬಣ್ಣಗಳು ಉಳಿದವು.

ಕೊನೆಯಲ್ಲಿ, ಯೇಸುವಿನ ಶಿಷ್ಯ ಸೇಂಟ್ ಪೀಟರ್‌ನ ಸಮಾಧಿ ಎಂದು ನಂಬುವ ಜಾಗ. ಪಾರದರ್ಶಕ ಡಬ್ಬಿಗಳಲ್ಲಿ ಮೂಳೆಗಳಿವೆ. ಅವು ಪೀಟರ್‌ನವೇ ಎಂದು 1968ರಲ್ಲಿ ಆರನೇ ಪಾಲ್ ಪೋಪ್ ಹೇಳಿದರು. ವಿದ್ವಾಂಸರೆಲ್ಲ ಒಪ್ಪಿಲ್ಲ. ವಾದ ಅಲ್ಲಿ ಬೇಡ, ಪಕ್ಕದಲ್ಲಿ ಯಾರೋ ಕಣ್ಣು ಮುಚ್ಚಿ ಪ್ರಾರ್ಥನೆ ಮಾಡುತ್ತಿರುತ್ತಾರೆ. ಒಂದೂವರೆ ಗಂಟೆ ಬಿಸಿ, ತೇವ, ಇಕ್ಕಟ್ಟು. ಮುಚ್ಚಿದ ಜಾಗದಲ್ಲಿ ಉಸಿರು ಕಟ್ಟುವವರು ಇದನ್ನು ಬಿಡುವುದೇ ಲೇಸು.

ಕ್ಯಾಟಕೋಂಬ್: ಒಂದು ಸಾಕು

ಊರೊಳಗೆ ಹೂಳಬಾರದೆಂದು ಪ್ರಾಚೀನ ರೋಮ್‌ನಲ್ಲಿ ಕಾಯ್ದೆಯಿತ್ತು. ಹಾಗಾಗಿ ಸ್ಮಶಾನಗಳೆಲ್ಲ ಊರಾಚೆ, ದಾರಿಯ ಬದಿ. ಆಪಿಯಾ ಹೆದ್ದಾರಿ ಪಕ್ಕದ ಸಾನ್ ಕಲ್ಲಿಸ್ತೊ ಅಂಥ ಒಂದು ಕ್ಯಾಟಕೋಂಬ್, ಅಂದರೆ ನೆಲದಡಿಯ ಸುರಂಗ ಸ್ಮಶಾನ. ಸುರಂಗಗಳೇ ಸುಮಾರು 20 ಕಿಲೋಮೀಟರ್. ಟಫ್ ಎಂಬ ಬೂದಿಗಲ್ಲನ್ನು ಕೊರೆದು ಮಾಡಿದ್ದು. ನಮ್ಮ ಕರಾವಳಿಯ ಮುರಕಲ್ಲಿನ ಹಾಗೆ, ಕಡಿಯುವಾಗ ಮೆತ್ತಗೆ, ಗಾಳಿ ತಾಗಿದ ಮೇಲೆ ಗಟ್ಟಿ. ಕ್ರೈಸ್ತರು ಇಲ್ಲಿ ಅಡಗಿ ಬದುಕುತ್ತಿದ್ದರು ಎಂಬ ಕಥೆ ಎಲ್ಲ ಕಡೆ ಹರಿದಾಡುತ್ತದೆ. ಹಾಗಲ್ಲ, ಇವು ಹೂಳುವ ಜಾಗ ಅಷ್ಟೆ.

ಇಲ್ಲಿ ಗೈಡ್ ಇಲ್ಲದೆ ಬಿಡುವುದೇ ಇಲ್ಲ. ಇಂಗ್ಲಿಷ್ ಗುಂಪು ಸಿಗುತ್ತದೆ. ಬಸ್ 118 ಆ ರಸ್ತೆಯಲ್ಲಿ ಓಡುತ್ತದೆ. ರಜೆಯ ದಿನ ನೋಡಿಕೊಳ್ಳಿ: ಸಾನ್ ಕಲ್ಲಿಸ್ತೊ ಬುಧವಾರ, ಇನ್ನೊಂದು ಕ್ಯಾಟಕೋಂಬ್ ದೊಮಿತಿಲ್ಲಾ ಮಂಗಳವಾರ ಮುಚ್ಚಿರುತ್ತದೆ. ಒಂದೇ ದಿನ ಮೂರು ಕ್ಯಾಟಕೋಂಬ್ ಎನ್ನುವ ಪ್ಯಾಕೇಜುಗಳು ಬೇಡ. ಒಂದು ನೋಡಿದ ಮೇಲೆ ಇನ್ನೊಂದು ಸುಮ್ನೆ ಗೋಡೆಯಂತೆ ಕಾಣುತ್ತದೆ.

ಬಂಗಾರದ ಮನೆಗೆ ಹೆಲ್ಮೆಟ್

ಕ್ರಿ.ಶ. 64ರಲ್ಲಿ ಊರಿಗೆ ಬೆಂಕಿ ಬಿದ್ದ ನಂತರ ನೀರೋ ಕಟ್ಟಿಸಿದ ಅರಮನೆ ಇದು. ಅವನು ಸತ್ತ ಮೇಲೆ ಟ್ರಾಜನ್ ಎಂಬ ದೊರೆ ಕೋಣೆಗಳಿಗೆ ಮಣ್ಣು ತುಂಬಿ ಮೇಲೆ ಸ್ನಾನಗೃಹ ಕಟ್ಟಿಸಿದ. 15ನೇ ಶತಮಾನದ ಕೊನೆಯಲ್ಲಿ ಚಿತ್ರಕಾರರು ಚಾವಣಿಯ ತೂತಿನಿಂದ ಹಗ್ಗ ಕಟ್ಟಿ ಇಳಿದು, ಪಂಜಿನ ಬೆಳಕಿನಲ್ಲಿ ಬಳ್ಳಿ, ಪ್ರಾಣಿ, ವಿಚಿತ್ರ ಮುಖಗಳನ್ನು ನಕಲು ಮಾಡಿಕೊಂಡರು. ಅದನ್ನು ಗವಿ, ಅಂದರೆ ‘ಗ್ರೊತ್ತಾ’ ಎಂದುಕೊಂಡರು. ವಿಚಿತ್ರ, ವಿಕಾರ ಎಂಬರ್ಥದ ‘ಗ್ರೊಟೆಸ್ಕ್’ ಪದ ಹುಟ್ಟಿದ್ದು ಹಾಗೆ.

ಬಿಸಿಲಿನ ಜುಲೈನಲ್ಲೂ ಒಳಗೆ ಚಳಿ, ಸ್ವೆಟರ್ ಇರಲಿ. ತಲೆಗೆ ಹೆಲ್ಮೆಟ್ ಅವರೇ ಕೊಡುತ್ತಾರೆ. ಸುಮ್ನೆ ಅಲ್ಲ. ಮೇಲೊಂದು ಪಾರ್ಕ್ ಇದೆ, ಮರದ ಬೇರುಗಳು ಚಾವಣಿ ಸೀಳಿ ಇಳಿಯುತ್ತಿವೆ. 2010ರಲ್ಲಿ ಒಂದು ಭಾಗ ಕುಸಿದಿತ್ತು. ನಡುವೆ ಒಂದು ಕಡೆ ಕೂರಿಸಿ, ಕಣ್ಣಿಗೆ ವಿಆರ್ ಕನ್ನಡಕ ಹಾಕಿ, ಅರಮನೆ ಹೊಸದಾಗಿದ್ದಾಗ ಹೇಗಿತ್ತೆಂದು ತೋರಿಸುತ್ತಾರೆ. ಇಂಥವೆಲ್ಲ ಆಟಿಕೆ ಎಂದು ಮೂಗು ಮುರಿಯುವವನು ನಾನು. ಇಲ್ಲಿ ಮಾತ್ರ ಕನ್ನಡಕ ತೆಗೆಯಲು ಮನಸ್ಸಾಗಲಿಲ್ಲ.

ಮೊಣಕಾಲು ನೋವಿರುವವರಿಗೆ

ದಿನಕ್ಕೆ ಎರಡಕ್ಕಿಂತ ಹೆಚ್ಚು ಇಳಿಯಬೇಡಿ. ಹಿಡಿತವಿರುವ ಶೂ ಹಾಕಿ, ಚಪ್ಪಲಿ ಜಾರುತ್ತದೆ. ಶೌಚಾಲಯಕ್ಕೆ ಮೇಲೆಯೇ ಹೋಗಿ ಬನ್ನಿ. ಒಳಗೆ ಮೊಬೈಲ್ ಸಿಗ್ನಲ್ ನೆಚ್ಚಿಕೊಳ್ಳಬೇಡಿ, ಜೊತೆಯವರಿಗೆ ಎಲ್ಲಿ ಕಾಯಬೇಕೆಂದು ಮೊದಲೇ ಹೇಳಿಡಿ.

ಮೆಟ್ಟಿಲೇ ಆಗದು ಎನ್ನುವವರು ಸಾನ್ ಜೊವಾನ್ನಿ ಮೆಟ್ರೋ ನಿಲ್ದಾಣಕ್ಕೆ ಹೋಗಲಿ. ಸಿ ಲೈನ್‌ನ ಈ ನಿಲ್ದಾಣ 2018ರಲ್ಲಿ ತೆರೆಯಿತು. ಅಗೆಯುವಾಗ ಸಿಕ್ಕಿದ್ದರಲ್ಲಿ ಹಲವನ್ನು ಅಲ್ಲೇ ಗಾಜಿನೊಳಗೆ ಇಟ್ಟಿದ್ದಾರೆ. ನೀವು ಎಸ್ಕಲೇಟರ್‌ನಲ್ಲಿ ಇಳಿದ ಹಾಗೆ ಗೋಡೆಯ ಮೇಲಿನ ಕಾಲ ಹಿಂದಕ್ಕೆ ಹೋಗುತ್ತದೆ. ಮೆಟ್ರೋ ಟಿಕೆಟ್ ಸಾಕು, ಬುಕಿಂಗ್ ಬೇಡ. ಪ್ರಾಚೀನ ತೋಟವೊಂದರ ದೊಡ್ಡ ನೀರಿನ ತೊಟ್ಟಿ ಇಲ್ಲಿ ಸಿಕ್ಕಿತ್ತು. ಜೊತೆಗೆ ಯಾರೋ ತಿಂದು ಎಸೆದ ಪೀಚ್ ಹಣ್ಣಿನ ಬೀಜಗಳು. ಅಮ್ಮ ಇಡೀ ರೋಮ್‌ನಲ್ಲಿ ಜಾಸ್ತಿ ಹೊತ್ತು ನಿಂತು ನೋಡಿದ್ದು ಅವನ್ನೇ. ಎರಡು ರೈಲು ಹೋದವು. ಮೂರನೆಯದಕ್ಕೆ ಹತ್ತಿದೆವು.