ರೊಟ್ಟಿ ಹಂಚಿನ ಮ್ಯಾಲ ವೆಲ್ಶ್ ಕೇಕ್, ಕುಕ್ಕರಿನಾಗ ಕೌಲ್: ಕಲಬುರಗಿ ಅಡಗಿಮನ್ಯಾಗ ವೇಲ್ಸ್ ಊಟ

ಬ್ರಿಟನ್ನಿನಾಗಿರೋ ವೇಲ್ಸ್ ನಾಡಿನ ಅಡಗಿ ಅಂದ್ರ ಓವನ್ ಬೇಕೇನೋ, ಎಲ್ಲೂ ಸಿಗಲಾರದ ಸಾಮಾನ್ ಬೇಕೇನೋ ಅಂತ ಹೆದರ್ಕೋಬ್ಯಾಡ್ರಿ. ಅವರ ಭಾಳ ಹೆಸರಾದ ತಿಂಡಿ ವೆಲ್ಶ್ ಕೇಕ್ ಬೇಯೋದೇ ಹಂಚಿನ ಮ್ಯಾಲ. ದಪ್ಪನ ಎರಕದ ಕಬ್ಬಿಣದ ಚಪ್ಪಟಿ ಹಂಚು, ಹಿಂದಕ ಕಲ್ಲಿಂದೂ ಇರ್ತಿತ್ತು, ಅಲ್ಲಿ ಹಳೇ ಮನಿಗಳಾಗ ಅದು ಅಜ್ಜಿಯಿಂದ ಮೊಮ್ಮಗಳ ಕೈಗೆ ಬಂದಿರ್ತದ. ನಮ್ಮ ಕಡಿ ರೊಟ್ಟಿ ಹಂಚಿಲ್ಲದ ಮನಿ ಯಾವುದದ ಹೇಳ್ರಿ? ಅರ್ಧಾ ಕೆಲ್ಸ ಅಲ್ಲೇ ಮುಗೀತು.

ಮೊದ್ಲ ಸಾಮಾನ್. ಮೈದಾ 225 ಗ್ರಾಂ, ಬೇಕಿಂಗ್ ಪೌಡರ್ ಒಂದೂವರೆ ಟೀ ಸ್ಪೂನ್, ಥಂಡಿ ಬೆಣ್ಣಿ 110 ಗ್ರಾಂ, ಸಕ್ರಿ 85 ಗ್ರಾಂ, ಕರೀ ಒಣದ್ರಾಕ್ಷಿ 50 ಗ್ರಾಂ, ಒಂದ್ ತತ್ತಿ, ಬೇಕಾದ್ರ ಒಂದೆರಡು ಚಮಚ ಹಾಲು. ಅವರು ಕರಂಟ್ ಅಂತ ಸಣ್ಣ ದ್ರಾಕ್ಷಿ ಹಾಕ್ತಾರ, ನಾವು ಸೂಪರ್ ಮಾರ್ಕೆಟ್ ಕಡಿ ಸಿಗೋ ಕರೀ ಕಿಸಮಿಸ್ ತಂದು ಎರಡು ತುಂಡ್ ಮಾಡಿ ಹಾಕಿದ್ರ ಆಯ್ತು, ಇಡೀ ಹಾಕಿದ್ರ ಲಟ್ಟಿಸುವಾಗ ಹಿಟ್ಟು ಹರೀತದ. ಮಸಾಲಿಗೆ ದಾಲ್ಚಿನ್ನಿ ಪುಡಿ ಮತ್ತ ಜಾಜಿಕಾಯಿ ಸೇರಿ ಅರ್ಧಾ ಟೀ ಸ್ಪೂನ್. ಯಾಲಕ್ಕಿ ಹಾಕೋಣೇನು ಅಂತ ಕೈ ತುರಸ್ತದ, ಹಾಕ್ಬ್ಯಾಡ್ರಿ, ಹಾಕಿದ್ರ ಹೋಳಗಿ ವಾಸನಿ ಬರ್ತದ, ವೇಲ್ಸ್ ಅಲ್ಲೇ ಮಾಯ. ಉಪ್ಪಿರೋ ಬೆಣ್ಣಿ ಇದ್ರ ಬ್ಯಾರೆ ಉಪ್ಪು ಬ್ಯಾಡ. ತತ್ತಿ ತಿನ್ನಲಾರದವ್ರು ಅದರ ಬದ್ಲಿ ಎರಡು ಮೂರು ಚಮಚ ಗಟ್ಟಿ ಮಸರು ಹಾಕ್ರಿ, ಸ್ವಲ್ಪ ಮೆತ್ತಗಾಗ್ತದ ಅಷ್ಟ. ಬೆಣ್ಣಿ ಇಲ್ಲಂದ್ರ ಗಟ್ಟಿ ತುಪ್ಪ ನಡೀತದ, ಆದ್ರ 90 ಗ್ರಾಂ ಸಾಕು ಯಾಕಂದ್ರ ಬೆಣ್ಣ್ಯಾಗ ನೀರಿರ್ತದ, ತುಪ್ಪದಾಗ ಇರೂದಿಲ್ಲ.

ಮೈದಾ, ಬೇಕಿಂಗ್ ಪೌಡರ್, ಮಸಾಲಿ ಕೂಡಿಸಿ ಬೆಣ್ಣಿ ತುಂಡ್ ಮಾಡಿ ಹಾಕಿ ಬೆರಳ ತುದಿಯಿಂದ ತಿಕ್ರಿ, ಅಂಗೈ ಹಚ್ಚಬ್ಯಾಡ್ರಿ, ಸಣ್ಣ ರವಾದಂಗ ಪುಡಿಪುಡಿ ಆಗ್ಬೇಕು. ಆಮ್ಯಾಲ ಸಕ್ರಿ, ದ್ರಾಕ್ಷಿ, ಕೊನಿಗೆ ತತ್ತಿ. ಚಪಾತಿ ಕಣಕ ನಾದಿದಂಗ ನಾದಿದ್ರಿ ಅಂದ್ರ ಕೆಟ್ಟೋಯ್ತು, ಕೂಡಿಕೊಂಡ ಕೂಡ್ಲೇ ಕೈ ತೆಗೀರಿ. ಏಪ್ರಿಲ್, ಮೇದಾಗ ನಮ್ಮೂರ ಬಿಸಲು ನಿಮಗೇನ್ ಹೇಳೋದು, 42 ಡಿಗ್ರಿದಾಗ ಬೆಣ್ಣಿ ಬೆರಳಿಗೆ ಸಿಗೂ ಮುಂದೇ ಎಣ್ಣಿ ಆಗಿರ್ತದ, ಆ ದಿನದಾಗ ಮುಂಜಾನಿ ಎದ್ದು ಮಾಡ್ರಿ, ಮೈದಾ ಹಾಕಿದ ಬೋಗುಣಿನೂ ಫ್ರಿಜ್ಜಿನಾಗ ಇಟ್ಟು ತೆಗೀರಿ, ಕೂಡಿಸಿದ ಹಿಟ್ಟನ್ನ ಮತ್ತ ಅರ್ಧಾ ತಾಸು ಒಳಗಿಡ್ರಿ.

ಅರ್ಧಾ ಇಂಚಿಗಿಂತ ಸ್ವಲ್ಪ ತೆಳ್ಳಗ ಲಟ್ಟಿಸಿ ಸ್ಟೀಲ್ ವಾಟಗದ ಅಂಚಿನಿಂದ ದುಂಡಗ ಕತ್ತರಿಸ್ರಿ. ಅಲ್ಲಿ ಸುತ್ತ ಅಲೆಅಲೆಯಾಗಿ ಕತ್ತರಿಸ್ತಾರ, ರುಚಿಗೆ ಅದರಿಂದ ಏನೂ ಆಗೂದಿಲ್ಲ.

ಈಗ ಹಂಚು, ಎಲ್ಲಾ ಇರೋದು ಇಲ್ಲೇ. ಜ್ವಾಳದ ರೊಟ್ಟಿಗೆ ಉರಿ ಜೋರ ಬೇಕು, ವೆಲ್ಶ್ ಕೇಕಿಗೆ ಅದರ ಉಲ್ಟಾ. ಇದರಾಗ ಸಕ್ರಿ ಅದ, ಬೆಣ್ಣಿ ಅದ, ಉರಿ ಜೋರಾದ್ರ ಮ್ಯಾಲ ಕರ್ರಗ ಒಳಗ ಹಸಿ. ಹಂಚಿಗೆ ಅಂಟಿದ ಹಳೇ ರೊಟ್ಟಿ ಹಿಟ್ಟು ಒರಸಿ, ಸಣ್ಣ ಉರಿ ಮ್ಯಾಲ ಐದ್ ನಿಮಿಷ ಕಾಯಿಸ್ರಿ, ದಪ್ಪನ ಹಂಚಾದ್ರ ಹತ್ತು. ಒಂದ್ ಚಿಟಿಕಿ ಮೈದಾ ಒಗದು ನೋಡ್ರಿ: ಒಗದ ಕೂಡ್ಲೇ ಕೆಂಪಾದ್ರ ಹಂಚು ಭಾಳ ಕಾದದ, ಕೆಳಗಿಳಿಸ್ರಿ, ಒಂದ್ ನಿಮಿಷ ತಗೊಂಡು ನಿಧಾನ ಬಣ್ಣ ತಿರುಗಿದ್ರ ಸರಿ ಅದ. ಬೆಣ್ಣಿ ಬಟ್ಟಿಲೆ ಸವರಿ ಕೇಕ್ ಇಡ್ರಿ, ಒಂದೊಂದ್ ಬದಿಗೆ ಮೂರು ನಾಕು ನಿಮಿಷ. ಸುತ್ತಿನ ಅಂಚು ಬೆಳ್ಳಗೇ ಉಳೀತದ, ಬೆಂದಿಲ್ಲ ಅಂತ ತಿಳ್ಕೋಬ್ಯಾಡ್ರಿ, ಬೆರಳಿಲೆ ಒತ್ತಿದ್ರ ಹಸಿ ಹಿಟ್ಟಿನಂಗ ತಗ್ಗು ಬೀಳ್ಬಾರ್ದು ಅಷ್ಟ. ಬಿಸಿ ಇದ್ದಾಗೇ ಸಕ್ರಿ ಪುಡ್ಯಾಗ ಹೊರಳಿಸ್ರಿ. ದಕ್ಷಿಣ ವೇಲ್ಸಿನ ಕಲ್ಲಿದ್ದಲ ಗಣಿ ಕೆಲಸಗಾರರು ಇದನ್ನ ಕಿಸೇದಾಗ ಹಾಕ್ಕೊಂಡ್ ಗಣಿಗೆ ಇಳೀತಿದ್ರು ಅಂತಾರ, ಅಷ್ಟ್ ಗಟ್ಟಿಮುಟ್ಟು ತಿಂಡಿ, ಹುಡುಗರ ಸಾಲಿ ಡಬ್ಬಿಗೆ ಇದಕ್ಕಿಂತ ಚಲೋದು ಬ್ಯಾಡ.

ಪೂರಾ ಶಾಕಾಹಾರಿ ಮನಿಗೆ ಗ್ಲಮಾರ್ಗನ್ ಸಾಸೇಜ್ ಅದ. ಹೆಸರು ಕೇಳಿ ಗಾಬರಿ ಆಗ್ಬ್ಯಾಡ್ರಿ, ಮಾಂಸ ಇಲ್ವೇ ಇಲ್ಲ, ಚೀಸ್, ಲೀಕ್ ಅನ್ನೋ ಉಳ್ಳಾಗಡ್ಡಿ ಜಾತಿ ಕಾಯಿಪಲ್ಲೆ, ಬ್ರೆಡ್ ಪುಡಿ ಇಷ್ಟ. ಎರಡನೇ ಮಹಾಯುದ್ಧದಾಗ ಮಾಂಸಕ್ಕ ರೇಷನ್ ಬಂದಾಗ ಇದು ಭಾಳ ನಡೀತು. ಅಲ್ಲಿ ಕೇರ್‌ಫಿಲಿ ಚೀಸ್ ಹಾಕ್ತಾರ, ಬೆಳ್ಳಗ, ಪುಡಿಪುಡಿ, ಸ್ವಲ್ಪ ಹುಳಿ. ನಮ್ಮಲ್ಲಿ ಅದು ಸಿಗೂದಿಲ್ಲ, ಹಿಂಗಾಗಿ 75 ಗ್ರಾಂ ಚೆಡ್ಡಾರ್, 75 ಗ್ರಾಂ ನೀರು ಹಿಂಡಿದ ಪನೀರ್, ನಾಕು ಹನಿ ನಿಂಬಿರಸ ಕೂಡಿಸ್ರಿ. ಲೀಕ್ ಬದ್ಲಿ ಉಳ್ಳಾಗಡ್ಡಿ ತಪ್ಪಲ, ಬೆಣ್ಣ್ಯಾಗ ಬಾಡಿಸಿ ಪೂರಾ ಆರಿಸಿ ಹಾಕ್ರಿ, ನೀರಿದ್ರ ಎಣ್ಣ್ಯಾಗ ಒಡೀತದ. 150 ಗ್ರಾಂ ತಾಜಾ ಬ್ರೆಡ್ ಪುಡಿ, ಅರ್ಧಾ ಚಮಚ ಸಾಸಿವಿ ಪುಡಿ, ಮೆಣಸು, ಕೂಡಿಸ್ಲಿಕ್ಕೆ ಒಂದ್ ತತ್ತಿ ಇಲ್ಲಾ ಕಡ್ಲಿಹಿಟ್ಟಿನ ಗಟ್ಟಿ ಕಲಕು. ಬೆರಳುದ್ದ ಉಂಡಿ ಮಾಡಿ ಬ್ರೆಡ್ ಪುಡ್ಯಾಗ ಹೊರಳಿಸಿ ಸ್ವಲ್ಪ ಎಣ್ಣ್ಯಾಗ ಕೆಂಪಗ ಕರೀರಿ. ಸಂಜಿಮುಂದ ಚಹಾದ ಜೋಡಿ ಭಜಿ ಬದ್ಲಿ ಇಟ್ಟು ನೋಡ್ರಿ.

ವೆಲ್ಶ್ ರೇರ್‌ಬಿಟ್ ಅಂತೂ ಹತ್ತು ನಿಮಿಷದ ಕೆಲ್ಸ. 25 ಗ್ರಾಂ ಬೆಣ್ಣ್ಯಾಗ 25 ಗ್ರಾಂ ಮೈದಾ ಹುರದು, 100 ಮಿಲಿ ಬಿಯರ್ ಇಲ್ಲಾ ಹಾಲು ಹಾಕಿ ಗಂಟಾಗದಂಗ ತಿರುವಿ, 200 ಗ್ರಾಂ ಚೆಡ್ಡಾರ್, ಸಾಸಿವಿ ಹಾಕಿ ಕರಗಿಸಿ ಸುಟ್ಟ ಬ್ರೆಡ್ಡಿನ ಮ್ಯಾಲ ಸುರೀರಿ. ಗ್ರಿಲ್ ಇಲ್ಲಂದ್ರ ಹಂಚಿನ ಮ್ಯಾಲಿಟ್ಟು ಮುಚ್ಚಳ ಮುಚ್ರಿ, ಮ್ಯಾಲ ಕೆಂಪಾಗೂದಿಲ್ಲ, ರುಚಿ ಬರ್ತದ. ಒಂದ್ ಎಚ್ಚರಿಕಿ: ಕೆಲವರು ಇದಕ್ಕ ವೂಸ್ಟರ್ ಸಾಸ್ ಅಂತ ಹುಳಿ ರುಚಿದ ಕರೀ ಸಾಸ್ ಹಾಕ್ತಾರ, ಅದರಾಗ ರೂಢಿ ಪ್ರಕಾರ ಮೀನಿರ್ತದ, ಶಾಕಾಹಾರಿಗಳು ಬಾಟ್ಲಿ ಮ್ಯಾಲಿಂದ ಓದಿ ತಗೋರಿ.

ಕೌಲ್ ಅಂದ್ರ ಮಟನ್, ಕಾಯಿಪಲ್ಲೆ ಹಾಕಿ ಕುದಿಸಿದ ಸಾರು, ಇದು ಮಟನ್ ತಿನ್ನೋರಿಗೆ, ಭಾಳ ಮಂದಿ ಇದನ್ನೇ ವೇಲ್ಸಿನ ರಾಷ್ಟ್ರೀಯ ಅಡಗಿ ಅಂತಾರ. ಎಲುಬಿರೋ ಮಟನ್ ಅರ್ಧಾ ಕೇಜಿ, ಉಪ್ಪು, ನೀರು ಹಾಕಿ ಕುಕ್ಕರಿನಾಗ ಮೆತ್ತಗ ಬೇಯಿಸಿ, ಆಮ್ಯಾಲ ಆಲೂಗಡ್ಡಿ, ಗಜ್ಜರಿ, ಸ್ವೀಡ್ ಅನ್ನೋ ಗಡ್ಡಿ ಬದ್ಲಿ ನವಿಲಕೋಸು ದೊಡ್ಡದೊಡ್ಡ ತುಂಡ್ ಮಾಡಿ ಹಾಕಿ ತೆರೆದೇ ಕುದಿಸ್ರಿ, ಕೊನಿಗೆ ಉಳ್ಳಾಗಡ್ಡಿ ತಪ್ಪಲ, ಮೆಣಸಿನ ಪುಡಿ, ಅಂದ್ರ ಕರೀ ಮೆಣಸು. ಮಸಾಲಿ ಖಾರ ಹಾಕೂ ಆಸಿ ತಡೀರಿ, ಬಾಯಿ ಚಪ್ಪಗನಿಸಿದ್ರ ಬಗಲಾಗ ಶೇಂಗಾ ಹಿಂಡಿ ಇಟ್ಕೋರಿ. ಅವರು ಬ್ರೆಡ್ ಚೀಸ್ ಜೋಡಿ ತಿಂತಾರ, ನನಗಂತೂ ಬಿಸಿ ಜ್ವಾಳದ ರೊಟ್ಟಿ ಮುರದು ಹಾಕ್ಕೊಂಡ್ರೇ ಸೇರ್ತದ. ಮಾಡಿದ ದಿನಾ ತಿನ್ನೂಕ್ಕಿಂತ ಮರುದಿನ ಕಾಯಿಸಿ ತಿಂದ್ರ ರುಚಿ ಹೆಚ್ಚು, ರಾತ್ರಿ ಫ್ರಿಜ್ಜಿನಾಗ ಗಟ್ಟಿಯಾದ ಕೊಬ್ಬು ಮ್ಯಾಲಿಂದ ತೆಗದ್ರೂ ಆಯ್ತು. ಮಾರ್ಚ್ 1ಕ್ಕ ಸೇಂಟ್ ಡೇವಿಡ್ ದಿನ ಅಂತ ಅಲ್ಲಿ ಇದನ್ನ ಮಾಡ್ತಾರ, ಅವರಿಗಿನ್ನೂ ಥಂಡಿ. ನಾವು ಡಿಸೆಂಬರದಾಗೇ ಮಾಡ್ಕೊಂಡ್ರ ಚಲೋ.

ಲಾವರ್ ಬ್ರೆಡ್ ಅಂತ ಇನ್ನೊಂದದ, ಹೆಸರಿಗೆ ಬ್ರೆಡ್, ಆದ್ರ ಸ್ವಾನ್ಸೀ ಕಡಿ ಸಮುದ್ರದ ಪಾಚಿ ತಾಸುಗಟ್ಲೆ ಕುದಿಸಿ ಮಾಡೋ ಕರೀ ಹಸರ ಲೇಪ. ಅದಕ್ಕ ಬದ್ಲಿ ಅಂತ ಪುಂಡಿ ಪಲ್ಲೆ ಹಿಡಕೊಂಡ್ ಕೂಡಬ್ಯಾಡ್ರಿ, ಅದರ ರುಚಿ ಪೂರಾ ಉಪ್ಪು ನೀರಿಂದು, ಕಲಬುರಗ್ಯಾಗ ಆಗೂ ಮಾತಲ್ಲ.