ಮುಚ್ಚಿಹೋದ ಸಚಿವಾಲಯದ ಚರಿತ್ರೆ ಬರೆಯುವುದು ಹೇಗೆ?

ಸರ್ಕಾರಿ ಇಲಾಖೆಯೊಂದರ ಚರಿತ್ರೆ ಬರೆಯಿರಿ ಅಂದರೆ ನಮ್ಮ ಎಂ.ಎ. ವಿದ್ಯಾರ್ಥಿಗಳು ಮಂತ್ರಿಗಳ ಪಟ್ಟಿ ಕೊಟ್ಟು ಕೈತೊಳೆದುಕೊಳ್ಳುತ್ತಾರೆ. ಇಲಾಖೆ ಮಾಡಿದ ಕೆಲಸ ಏನು ಅಂತ ಕೇಳಿದರೆ ಮುಖ ಮುಖ ನೋಡುತ್ತಾರೆ. ಬ್ರಿಟನ್ನಿನ ತಂತ್ರಜ್ಞಾನ ಸಚಿವಾಲಯವನ್ನೇ ಉದಾಹರಣೆಗೆ ತೆಗೆದುಕೊಳ್ಳೋಣ. ಅಲ್ಲಿನವರು ಅದನ್ನು ‘ಮಿಂಟೆಕ್’ ಅನ್ನುತ್ತಿದ್ದರು. ಬಾಳಿದ್ದು ಆರೇ ವರ್ಷ, ತಲೆ ತಿನ್ನುವುದು ಮಾತ್ರ ಜಾಸ್ತಿ.

1. ಹುಟ್ಟಿದ್ದು, ಮುಚ್ಚಿದ್ದು ಗುರುತು ಹಾಕಿಕೊಳ್ಳಿ. 1964ರ ಅಕ್ಟೋಬರ್‌ನಲ್ಲಿ ಹೆರಾಲ್ಡ್ ವಿಲ್ಸನ್ ಸರ್ಕಾರ ಶುರು ಮಾಡಿತು. 1970ರ ಅಕ್ಟೋಬರ್‌ನಲ್ಲಿ ಎಡ್ವರ್ಡ್ ಹೀತ್ ಸರ್ಕಾರ ಅದನ್ನು ಬೋರ್ಡ್ ಆಫ್ ಟ್ರೇಡ್ ಅನ್ನುವ ಹಳೆಯ ವ್ಯಾಪಾರ ಇಲಾಖೆಯ ಜೊತೆ ಸೇರಿಸಿ ವ್ಯಾಪಾರ ಮತ್ತು ಕೈಗಾರಿಕೆ ಇಲಾಖೆ ಮಾಡಿತು. ಇಷ್ಟು ಸಾಕು.

2. ಮಂತ್ರಿಗಳನ್ನು ಒಂದೇ ಪ್ಯಾರಾದಲ್ಲಿ ಮುಗಿಸಿ. ಮೊದಲನೆಯವರು ಕಾರ್ಮಿಕ ಸಂಘದ ನಾಯಕ ಫ್ರಾಂಕ್ ಕಸಿನ್ಸ್. ನೇಮಕವಾದಾಗ ಅವರು ಸಂಸದರೂ ಆಗಿರಲಿಲ್ಲ. ಸಂಬಳ ಏರಿಕೆಗೆ ಕಡಿವಾಣ ಹಾಕುವ ಸರ್ಕಾರದ ಮಸೂದೆ ಒಪ್ಪದೆ 1966ರ ಜುಲೈನಲ್ಲಿ ರಾಜೀನಾಮೆ ಕೊಟ್ಟರು. ಆಮೇಲೆ 1970ರ ಜೂನ್‌ವರೆಗೆ ಟೋನಿ ಬೆನ್. ಕೊನೆಯ ಕೆಲವು ತಿಂಗಳು ಜೆಫ್ರಿ ರಿಪನ್, ಜಾನ್ ಡೇವಿಸ್. ಬೆನ್ ಡೈರಿ ಬರೆಯುತ್ತಿದ್ದರು ಅಂತ ಅದನ್ನೇ ಇಲಾಖೆಯ ಚರಿತ್ರೆ ಮಾಡಬೇಡಿ. ಅದು ಒಬ್ಬರ ಕಣ್ಣಿಗೆ ಕಂಡದ್ದು.

3. ಎಲ್ಲರೂ ಎಡವುವುದು ಇಲ್ಲಿ. ಇಲಾಖೆಯ ಹೆಸರಿನ ಹಿಂದೆ ಹೋಗಬೇಡಿ, ಕೆಲಸದ ಹಿಂದೆ ಹೋಗಿ. ಪಹಣಿ ನೋಡಿದ ಹಾಗೆ ನೋಡಬೇಕು: ಈ ಕೆಲಸ ಮೊದಲು ಯಾರ ಕೈಲಿತ್ತು, ಯಾವಾಗ ಬಂತು, ಆಮೇಲೆ ಯಾರಿಗೆ ಹೋಯಿತು? ಒಂದು ದೊಡ್ಡ ಹಾಳೆಯಲ್ಲಿ ನಾಲ್ಕು ಕಾಲಂ ಎಳೆಯಿರಿ. ಸ್ಪ್ರೆಡ್‌ಶೀಟ್ ಬೇಡ, ಕಾಗದವೇ ಇರಲಿ. ಬಾಣ ಎಳೆದು, ಹೊಡೆದುಹಾಕಿ ಮತ್ತೆ ಎಳೆಯುವ ಕೆಲಸ ಇದು.

ಶುರುವಿನಲ್ಲಿ ಮಿಂಟೆಕ್ ಕೈಲಿದ್ದದ್ದು ನಾಲ್ಕು ಉದ್ದಿಮೆ: ಕಂಪ್ಯೂಟರ್, ಎಲೆಕ್ಟ್ರಾನಿಕ್ಸ್, ದೂರಸಂಪರ್ಕ, ಮಷಿನ್ ಟೂಲ್. 1965ರಲ್ಲಿ ಡಿಎಸ್‌ಐಆರ್ ಅನ್ನುವ ಹಳೆಯ ಸಂಶೋಧನಾ ಇಲಾಖೆಯನ್ನು ವಿಸರ್ಜಿಸಿದಾಗ ಟೆಡಿಂಗ್ಟನ್ನಿನ ರಾಷ್ಟ್ರೀಯ ಭೌತ ಪ್ರಯೋಗಾಲಯ ಇಲ್ಲಿಗೆ ಬಂತು. 1969ರಲ್ಲಿ ಕಲ್ಲಿದ್ದಲು, ಗ್ಯಾಸ್, ವಿದ್ಯುತ್ ನೋಡಿಕೊಳ್ಳುತ್ತಿದ್ದ ಇಂಧನ ಸಚಿವಾಲಯವೂ ಬಂದು ಸೇರಿತು.

ಇಷ್ಟು ಸಲೀಸು. ಕಷ್ಟ ಇರುವುದು ವಿಮಾನದಲ್ಲಿ. ‘1967ರಲ್ಲಿ ವಿಮಾನಯಾನ ಸಚಿವಾಲಯ ಮಿಂಟೆಕ್‌ಗೆ ಸೇರಿತು’ ಅಂತ ಒಂದೇ ಸಾಲು ಬರೆದು ಮುಂದೆ ಹೋಗುತ್ತಾರೆ. ಅರ್ಧ ಮಾತ್ರ ನಿಜ. ವಿಮಾನ ನಿಲ್ದಾಣ, ವಿಮಾನ ಕಂಪನಿಗಳ ಉಸ್ತುವಾರಿ 1966ರಲ್ಲೇ ಬೋರ್ಡ್ ಆಫ್ ಟ್ರೇಡ್‌ಗೆ ಹೋಗಿತ್ತು. 1967ರ ಫೆಬ್ರವರಿಯಲ್ಲಿ ಮಿಂಟೆಕ್‌ಗೆ ಬಂದದ್ದು ಉಳಿದದ್ದು: ವಿಮಾನ ತಯಾರಿಕೆ, ಸೇನೆಗೆ ವಿಮಾನ ಕೊಳ್ಳುವುದು, ಫಾರ್ನ್‌ಬರೋದ ಸಂಶೋಧನಾ ಕೇಂದ್ರ, ಶಬ್ದಕ್ಕಿಂತ ವೇಗವಾಗಿ ಹಾರುವ ಕಾಂಕಾರ್ಡ್ ವಿಮಾನದ ಯೋಜನೆ. 1970ರಲ್ಲಿ ಇದೆಲ್ಲ ನೇರವಾಗಿ ಹೊಸ ಇಲಾಖೆಗೆ ಹೋಗಲೂ ಇಲ್ಲ. ವಿಮಾನ ಪೂರೈಕೆ ಸಚಿವಾಲಯ ಅಂತ ಒಂದು ಹುಟ್ಟಿ, 1971ರ ಮೇ ತಿಂಗಳಲ್ಲಿ ಅದೂ ಮುಚ್ಚಿತು. ಸೇನೆಯ ಪಾಲು ರಕ್ಷಣಾ ಇಲಾಖೆಗೆ ಹೋಯಿತು, ನಾಗರಿಕ ಪಾಲು ವ್ಯಾಪಾರ ಮತ್ತು ಕೈಗಾರಿಕೆ ಇಲಾಖೆಗೆ. ಹಾಳೆಯಲ್ಲಿ ಈ ಒಂದು ಸಾಲಿಗೆ ಮೂರು ಸಾಲಿನ ಜಾಗ ಬಿಡಿ.

ಮತ್ತೊಂದು ಮಾತು. ಪ್ರಧಾನಿ ಘೋಷಿಸಿದ ದಿನ ಬೇರೆ, ಆದೇಶ ಜಾರಿಗೆ ಬಂದ ದಿನ ಬೇರೆ. ಎರಡನ್ನೂ ಬರೆದಿಟ್ಟುಕೊಳ್ಳಿ. ಚಾಟ್‌ಬಾಟ್ ಕೇಳಿ ತಾರೀಖು ತುಂಬಿಸಿದ ಹಾಳೆಗಳು ನನ್ನ ಮೇಜಿಗೂ ಬರುತ್ತವೆ. ಅದು ಎರಡೂ ದಿನ ಕಲಸಿ ಧೈರ್ಯವಾಗಿ ಹೇಳುತ್ತದೆ.

4. ಕಡತ ಹುಡುಕಿ. ಲಂಡನ್ನಿನ ಕ್ಯೂ (Kew) ಬಡಾವಣೆಯಲ್ಲಿರುವ ರಾಷ್ಟ್ರೀಯ ದಾಖಲೆ ಭಂಡಾರದ ಕ್ಯಾಟಲಾಗನ್ನು ಮನೆಯಲ್ಲೇ ಕೂತು ಪುಕ್ಕಟೆ ನೋಡಬಹುದು. ‘ತಂತ್ರಜ್ಞಾನ ಸಚಿವಾಲಯ’ ಅಂತ ಹುಡುಕಿ ಸುಮ್ನೆ ಕೂರಬೇಡಿ. ವಿಮಾನದ ಕಡತಗಳಿಗೆ ‘ಎವಿಐಎ’ (AVIA), ಇಂಧನಕ್ಕೆ ‘ಪಿಒಡಬ್ಲ್ಯುಇ’ (POWE), ಬೋರ್ಡ್ ಆಫ್ ಟ್ರೇಡ್‌ಗೆ ‘ಬಿಟಿ’ (BT) ಅನ್ನುವ ಗುರುತುಗಳಿವೆ. ನಿಮ್ಮ ಹಾಳೆ ಇಲ್ಲಿ ಕೆಲಸಕ್ಕೆ ಬರುತ್ತದೆ. ಪಾರ್ಲಿಮೆಂಟಿನ ಚರ್ಚೆ ಹ್ಯಾನ್ಸಾರ್ಡ್ ಅನ್ನುವ ಅಧಿಕೃತ ವರದಿಯಲ್ಲಿ ಸಿಗುತ್ತದೆ, ಅದಕ್ಕೂ ದುಡ್ಡಿಲ್ಲ.

ದಾಖಲೆ ಭಂಡಾರಕ್ಕೇ ಹೋಗುವವರು ಕಡತದ ಫೋಟೊ ತೆಗೆದುಕೊಳ್ಳಬಹುದು. ಫೋನಿನ ಸ್ಕ್ಯಾನರ್ ಆ್ಯಪ್ ಮಾತ್ರ ಬೇಡ. ಕಪ್ಪು-ಬಿಳುಪು ಮಾಡುವಾಗ ಅಂಚಿನಲ್ಲಿ ಅಧಿಕಾರಿ ಪೆನ್ಸಿಲ್‌ನಲ್ಲಿ ಗೀಚಿದ್ದನ್ನು ಅದು ಕೊಳೆ ಅಂತ ಒರೆಸಿಹಾಕುತ್ತದೆ. ಎಷ್ಟೋ ಸಲ ನಮಗೆ ಬೇಕಿರುವುದು ಆ ಗೀಚೇ. ಸಾದಾ ಕ್ಯಾಮೆರಾ ಸಾಕು.

5. ಬರೆಯಲು ಕೂರಿ. ಒಂದೊಂದು ಅಧ್ಯಾಯಕ್ಕೆ ಒಂದೊಂದು ಕೆಲಸ ಹಿಡಿಯಿರಿ. ಕಂಪ್ಯೂಟರ್ ಅಂದರೆ 1968ರಲ್ಲಿ ಸರ್ಕಾರದ ಬೆಂಬಲದಿಂದ ಕಂಪನಿಗಳು ಒಂದಾಗಿ ಐಸಿಎಲ್ ಅನ್ನುವ ಒಂದೇ ಕಂಪ್ಯೂಟರ್ ಕಂಪನಿ ಆದದ್ದು. ವಿಮಾನ ಅಂದರೆ ಕಾಂಕಾರ್ಡ್. ಮಂತ್ರಿಗಳ ಪಟ್ಟಿ ಬೇಕೇ ಬೇಕು ಅಂದರೆ ಕೊನೆಗೆ ಅನುಬಂಧದಲ್ಲಿ ಹಾಕಿ.